ಶ್ರುತಿ ಇಳಿಸುತ್ತಿದ್ದವರು ಯಾರು

ಸಿಲಿಕಾನ್ ಓಯಸಿಸ್‌ನ ಆ ಪಿಯಾನೋ ಬಗ್ಗೆ ಎರಡನೇ ದೂರು ಬಂದ ದಿನ ಮ್ಯಾನೇಜರ್ ನನ್ನನ್ನು ಒಳಗೆ ಕರೆದರು. ಕೂರಲು ಹೇಳಲಿಲ್ಲ. ಅಷ್ಟರಲ್ಲೇ ನನಗೆ ಅರ್ಥವಾಯಿತು.

ದುಬೈನ ಅಲ್ ಮುರಕ್ಕಬಾತ್‌ನಲ್ಲಿರುವ ಒಂದು ವಾದ್ಯಗಳ ಅಂಗಡಿಯಲ್ಲಿ ನಾನು ಪಿಯಾನೋ ಟ್ಯೂನರ್. ಕೊಂಡವರ ಮನೆಗೆ, ಶಾಲೆಗೆ, ಹೋಟೆಲಿಗೆ ಹೋಗಿ ಶ್ರುತಿ ಮಾಡಿಕೊಟ್ಟು ಬರುವುದು ನನ್ನ ಕೆಲಸ. ದೂರು ಕೊಟ್ಟದ್ದು ಒಂದು ಸಂಗೀತ ಶಾಲೆ. ಅವರ ಎಲ್ಲ ಪಿಯಾನೋಗಳ ಜವಾಬ್ದಾರಿ ನಮ್ಮ ಅಂಗಡಿಯದು. ಅವುಗಳಲ್ಲಿ ಒಂದನ್ನು ಶಾಲೆಯವರು ಸಿಲಿಕಾನ್ ಓಯಸಿಸ್ ಬಡಾವಣೆಯಲ್ಲಿದ್ದ ತಮ್ಮ ರೊಮೇನಿಯಾದ ಮೇಷ್ಟ್ರ ಮನೆಯಲ್ಲಿ ಇಟ್ಟಿದ್ದರು. ವಯಸ್ಸಾದ ಮನುಷ್ಯ, ಶಾಲೆಗೆ ಓಡಾಡುವುದು ಕಷ್ಟ, ಹಾಗಾಗಿ ಮಕ್ಕಳೇ ಅವರ ಮನೆಗೆ ಹೋಗಿ ಕಲಿಯುತ್ತಿದ್ದರು. ಆ ಪಿಯಾನೋದ ನಡುವಿನ ಒಂದು ಕರಿಮನೆ, ಅಂದರೆ ಕಪ್ಪು ಕೀ, ನಾನು ಸರಿಮಾಡಿ ಬಂದ ಸ್ವಲ್ಪ ದಿನಕ್ಕೇ ಮತ್ತೆ ಇಳಿದುಹೋಗುತ್ತಿತ್ತು. ಮಕ್ಕಳ ತಾಯಂದಿರು ಶಾಲೆಗೆ ಹೇಳಿದರು, ಶಾಲೆ ಅಂಗಡಿಗೆ ಹೇಳಿತು, ಅಂಗಡಿ ನನಗೆ ಹೇಳಿತು.

"ಇನ್ನೊಂದು ಸಲ ಹೀಗಾದರೆ ಆ ಶಾಲೆ ನಮ್ಮ ಕೈತಪ್ಪುತ್ತದೆ. ಶಾಲೆ ಹೋದರೆ ನನಗೆ ಇಬ್ಬರು ಟ್ಯೂನರ್ ಯಾಕೆ ಬೇಕು, ನೀನೇ ಹೇಳು," ಎಂದರು ಮ್ಯಾನೇಜರ್. ನನ್ನ ವೀಸಾ ಆ ವರ್ಷವೇ ಮುಗಿಯುವುದಿತ್ತು. ಹೆಂಡತಿ, ಮಗಳು ನನ್ನ ವೀಸಾದ ಮೇಲೆಯೇ ಇಲ್ಲಿರುವವರು.

ಇಷ್ಟಾಗಿದ್ದರೆ ಹೆದರಿಕೆ ಮಾತ್ರ ಇರುತ್ತಿತ್ತು. ನನಗೆ ಸಿಟ್ಟೂ ಬಂತು. ಕೆಲಸ ಕೆಡಿಸಿದವನು ಅನ್ನಿಸಿಕೊಳ್ಳುವುದು ನನ್ನಿಂದಾಗದ ಮಾತು. ಅದಕ್ಕೆ ಕಾರಣ ಇದೆ.

ನಮ್ಮಪ್ಪ ನಂಜನಗೂಡಿನ ಕಡೆಯ ಒಂದು ಹಳ್ಳಿಯಲ್ಲಿ ತಮಟೆ ಬಡಿಯುವವರು. ನಮ್ಮ ಬೀದಿಯಲ್ಲಿ ಡಿಗ್ರಿ ಮುಗಿಸಿದವರಲ್ಲಿ ನಾನೇ ಮೊದಲಿಗ. ಇದನ್ನು ನಾನು ಎಲ್ಲರಿಗೂ ಹೇಳುತ್ತೇನೆ, ಕೇಳದವರಿಗೂ ಹೇಳುತ್ತೇನೆ. ಹಾಸ್ಟೆಲಿನಲ್ಲಿ ಇದ್ದುಕೊಂಡು, ರಜೆಯಲ್ಲಿ ಗಾರೆ ಕೆಲಸಕ್ಕೆ ಹೋಗಿ ಬಿ.ಎಸ್ಸಿ. ಮಾಡಿದೆ. ಭೌತಶಾಸ್ತ್ರದ ಲ್ಯಾಬಿನಲ್ಲಿ ಸೋನೋಮೀಟರ್ ಎಂಬ ಉಪಕರಣ ಇರುತ್ತದೆ. ಉದ್ದದ ಮರದ ಪೆಟ್ಟಿಗೆ, ಮೇಲೆ ಒಂದು ತಂತಿ. ಶ್ರುತಿಕವೆಯನ್ನು ತಟ್ಟಿ, ಅದರ ನಾದಕ್ಕೆ ಸರಿಯಾಗಿ ತಂತಿಯ ಉದ್ದ ಹೊಂದಿಸಬೇಕು. ಉಳಿದವರು ತಂತಿಯ ಮೇಲೆ ಕಾಗದದ ಚೂರು ಇಟ್ಟು, ಅದು ಹಾರುತ್ತದೋ ಇಲ್ಲವೋ ನೋಡುತ್ತಿದ್ದರು. ನಾನು ಕಿವಿಗೊಟ್ಟು ಕೇಳಿ ಬರೆದುಬಿಟ್ಟೆ. ಉತ್ತರ ಕರಾರುವಾಕ್ಕಾಗಿ ಬಂತು. ಅಧ್ಯಾಪಕರು ಓದಿ ನೋಡಿ, "ಯಾರದ್ದು ನೋಡಿ ಬರೆದೆಯಪ್ಪಾ?" ಅಂದರು. ಎಲ್ಲರನ್ನೂ ಹೊರಗೆ ಕಳಿಸಿ ಒಬ್ಬನೇ ಮತ್ತೆ ಮಾಡು ಎಂದು ಪಕ್ಕದಲ್ಲಿ ನಿಂತರು. ಮಾಡಿ ತೋರಿಸಿದೆ. ಶಭಾಷ್ ಅನ್ನಲಿಲ್ಲ. "ಹ್ಞೂಂ" ಅಂದರು.

ಆ "ಹ್ಞೂಂ" ನನ್ನ ಜತೆ ದುಬೈವರೆಗೂ ಬಂದಿದೆ. ಜನ ನನ್ನನ್ನು ಎರಡು ಸಲ ನೋಡುತ್ತಾರೆ, ಆದ್ದರಿಂದ ನಾನೂ ಜನರನ್ನು ಎರಡು ಸಲ ನೋಡುತ್ತೇನೆ.

ಇಲ್ಲಿಗೆ ಬಂದದ್ದು ಕೀಬೋರ್ಡ್ ಮಾರುವ ಕೆಲಸಕ್ಕೆ. ಪಿಯಾನೋ ಶ್ರುತಿ ಕಲಿಸಿದವರು ಅಂಗಡಿಯ ಹಿರಿಯ ಟ್ಯೂನರ್, ಮಂಗಳೂರು ಕಡೆಯ ಬ್ಯಾರಿ. ಅಂಗಡಿಯಲ್ಲಿ ಎಲ್ಲರೂ ಅವರನ್ನು ಕಾಕ ಅನ್ನುತ್ತಾರೆ. ನನ್ನ ಕಿವಿ ಹಿಡಿದೇ ಕಲಿಸಿದರು, ನಿಜವಾಗಿಯೂ ಹಿಡಿದು. ಎರಡು ತಂತಿ ಒಂದಕ್ಕೊಂದು ಕೂಡದೆ ಇದ್ದರೆ ನಾದ ಅಲೆ ಅಲೆಯಾಗಿ ನಡುಗುತ್ತದೆ. ಅದನ್ನು ನಾನು 'ಬೀಟ್ಸ್' ಎಂದು ಪುಸ್ತಕದಲ್ಲಿ ಓದಿದ್ದೆ. ಕಾಕ ಅದಕ್ಕೆ "ತಂತಿಗೆ ಚಳಿ" ಅನ್ನುತ್ತಿದ್ದರು. "ಚಳಿ ನಿಲ್ಲುವವರೆಗೆ ತಿರುಗಿಸು ಬಿ.ಎಸ್ಸಿ., ಹೆಚ್ಚು ತಿರುಗಿಸಿದರೆ ತಂತಿ ನಿನ್ನ ಮೂತಿಗೆ ಬರ್ತದೆ." ನನ್ನನ್ನು ಅವರು ಕರೆಯುವುದೇ ಬಿ.ಎಸ್ಸಿ. ಎಂದು. ಮೊದಮೊದಲು ಅದು ಗೇಲಿಯೋ ಮರ್ಯಾದೆಯೋ ಎಂದು ನನಗೆ ಅನುಮಾನವಿತ್ತು. ಈಗಲೂ ಇದೆ.

ರೊಮೇನಿಯಾದ ಮೇಷ್ಟ್ರನ್ನು ಮೊದಲ ದಿನದಿಂದಲೇ ನಾನು ನಂಬಲಿಲ್ಲ.

ಅವರು ಮಗಳ ಮನೆಯಲ್ಲಿದ್ದರು. ಮಗಳಿಗೆ ಅಲ್ಲೇ ಹತ್ತಿರದ ಕಚೇರಿಯಲ್ಲಿ ಕೆಲಸ. ನಾನು ಒಳಗೆ ಕಾಲಿಟ್ಟ ಕೂಡಲೇ ಮುದುಕರು ಪಿಯಾನೋ ಮೇಲಿದ್ದ ಸ್ವರ ಬರೆದ ಹಾಳೆಗಳ ಮೇಲೆ ಒಂದು ಟವೆಲ್ ಎಳೆದರು. ಆಮೇಲೆ ಎದುರಿನ ಕುರ್ಚಿಯಲ್ಲಿ ಕೂತು, ಕೆಲಸ ಮುಗಿಯುವವರೆಗೆ ಅಲ್ಲಾಡಲಿಲ್ಲ. ಸಾಮಾನ್ಯವಾಗಿ ಶ್ರುತಿ ಮಾಡುವಾಗ ಮನೆಯವರು ಓಡಿಹೋಗುತ್ತಾರೆ. ಒಂದೇ ಸ್ವರವನ್ನು ಟಣ್ ಟಣ್ ಎಂದು ಬಡಿಯುವುದನ್ನು ಯಾರು ಕೇಳುತ್ತಾರೆ? ಇವರು ಕೇಳಿದರು. ನಡುನಡುವೆ ಪ್ರಶ್ನೆ ಬೇರೆ.

"ಯಾವಾಗಲೂ ನಿಮ್ಮನ್ನೇ ಕಳಿಸುತ್ತಾರಾ?"

"ಹೌದು ಸರ್."

"ಯಾರು ಕಳಿಸುವುದು?"

"ಅಂಗಡಿ."

"ಹೋದ ಮೇಲೆ ಏನು ಬರೆಯುತ್ತೀರಿ?"

ಕೆಲಸ ಮುಗಿದ ಮೇಲೆ ನಾವು ಒಂದು ಚೀಟಿ ತುಂಬಿಸಿ ಮನೆಯವರ ಸಹಿ ತೆಗೆದುಕೊಳ್ಳುತ್ತೇವೆ. ಎಸಿ ಸರಿಯಾಗಿ ನಡೆಯುತ್ತಿದೆಯೋ, ಗಾಳಿ ಒಣಗಿದೆಯೋ, ಏನು ಸರಿಮಾಡಿದೆವು, ಇಷ್ಟೇ. ಅದನ್ನೇ ಹೇಳಿದೆ. ಅವರು ಚೀಟಿಯನ್ನು ಬೆಳಕಿಗೆ ಹಿಡಿದು ಹಿಂದೆ ಮುಂದೆ ನೋಡಿದರು. ಸಹಿಯನ್ನು ಮಗಳು ಬಂದು ಹಾಕಿದಳು. ಅವರ ಇಂಗ್ಲಿಷೂ ನನ್ನ ಇಂಗ್ಲಿಷಿನ ಹಾಗೆ ನಿಂತು ನಿಂತು ನಡೆಯುವಂಥದು. ಆದರೂ ಅವರ ಪ್ರಶ್ನೆಗಳು ಭಾಷೆ ಬಾರದವರ ಪ್ರಶ್ನೆಗಳಲ್ಲ ಅನ್ನಿಸಿತು.

ಮಗಳು ಬಾಗಿಲವರೆಗೂ ಬಂದು ಹೇಳಿದಳು, ಅಪ್ಪ ಅವರ ದೇಶದಲ್ಲಿ ದೊಡ್ಡ ಸಂಯೋಜಕರಂತೆ. ಸಿನಿಮಾಗಳಿಗೆ, ಕಾರ್ಖಾನೆ ಕಾರ್ಮಿಕರ ಮೇಳಗಳಿಗೆ, ಮಕ್ಕಳ ನಾಟಕಗಳಿಗೆ ಸಂಗೀತ ಬರೆದಿದ್ದಾರಂತೆ. "ನಿಜವಾಗಿ ಬರೆಯಬೇಕೆಂದಿದ್ದನ್ನು ಬರೆದು ಮುಚ್ಚಿಟ್ಟರು," ಅಂದಳು. ನಾನು ವ್ಯಾನಿನಲ್ಲಿ ಕೂತು ಮೊಬೈಲಿನಲ್ಲಿ ಹುಡುಕಿದೆ. ನನಗೆ ಓದಲು ಬಾರದ ಭಾಷೆಯ ಪುಟವೊಂದರಲ್ಲಿ ತಲೆತುಂಬ ಕೂದಲಿದ್ದ ಯುವಕನ ಮಸುಕು ಫೋಟೋ ಸಿಕ್ಕಿತು. ಇವರೇ ಇರಬಹುದು, ಇಲ್ಲದೆಯೂ ಇರಬಹುದು. ಊರಿನಲ್ಲಿ ನಾವು ದೊಡ್ಡವರಾಗಿದ್ದೆವು ಅನ್ನುವವರಿಗೆ ದುಬೈಯಲ್ಲಿ ಬರವಿಲ್ಲ.

ಮೊದಲ ದೂರು ಬಂದಾಗ ತಪ್ಪನ್ನು ಎಸಿ ಮೇಲೆ ಹಾಕಿದೆ. ಇಲ್ಲಿ ಬೇಸಿಗೆಯಲ್ಲಿ ಜನ ಎಸಿ ಆರಿಸಿ ಊರಿಗೆ ಹೋಗುತ್ತಾರೆ, ತಂತಿಯ ಹಿಂದಿನ ಮರದ ಹಲಗೆ ಉಬ್ಬುತ್ತದೆ, ಕುಗ್ಗುತ್ತದೆ. ಪಿಯಾನೋ ಕೆಳಗೆ ಒಂದು ಬಟ್ಟಲು ನೀರು ಇಡಿಸಿ ಬಂದೆ. ಎರಡನೇ ದೂರು ಬಂದಾಗ ಪಿನ್ ಸಡಿಲ ಎಂದುಕೊಂಡೆ. ತಂತಿ ಸುತ್ತಿರುವ ಪಿನ್ ಮರದಲ್ಲಿ ಬಿಗಿಯಾಗಿ ಕೂರದಿದ್ದರೆ ಜಾರುತ್ತದೆ. ಹಳೆಯದನ್ನು ತೆಗೆದು ಒಂದು ಅಳತೆ ದಪ್ಪದ ಪಿನ್ ಹೊಡೆದರೆ ಮುಗಿಯಿತು. ನಡುವಿನ ಒಂದೊಂದು ಮನೆಗೂ ಮೂರು ತಂತಿ ಇರುತ್ತವೆ. ಮೂರಕ್ಕೂ ದಪ್ಪ ಪಿನ್ ಹಾಕಿದೆ. ಪಿನ್ ತಿರುಗಿಸುವ ನನ್ನ ಲಿವರ್‌ಗೇ ಬಗ್ಗದಷ್ಟು ಬಿಗಿ. ಇನ್ನು ಇಳಿಯಲಿ ನೋಡೋಣ ಎಂದುಕೊಂಡು ಬಂದೆ.

ಇಳಿಯಿತು. ಶಾಲೆಯವರ ಕಣ್ಣಿಗೆ ಬೀಳುವ ಮೊದಲು ನೋಡಿಬಿಡೋಣ ಎಂದು, ಮ್ಯಾನೇಜರ್ ಹತ್ತಿರ ಮಾತು ಕೇಳಿದ ಮರುವಾರ ನಾನೇ ಹೋಗಿದ್ದೆ. ಕರಿಮನೆ ಒತ್ತಿದೆ. ಕೆಳಗಿನ ಬಿಳಿಮನೆಯ ಕಡೆಗೆ ಸ್ವಲ್ಪ ವಾಲಿಕೊಂಡ ಹಾಗೆ ಇತ್ತು. ಆಗ ಒಂದು ಸಂಗತಿ ಹೊಳೆಯಿತು. ಸ್ವರ ಇಳಿದಿತ್ತು, ಆದರೆ ಚಳಿ ಇರಲಿಲ್ಲ. ಪಿನ್ ತಾನಾಗಿ ಜಾರಿದರೆ ಒಂದು ತಂತಿ ಇಷ್ಟು, ಇನ್ನೊಂದು ಅಷ್ಟು ಇಳಿದು ನಾದ ನಡುಗಬೇಕು. ಇಲ್ಲಿ ಮೂರೂ ತಂತಿ ಕೈಕೈ ಹಿಡಿದುಕೊಂಡು, ಒಂದೇ ಅಳತೆಗೆ, ಶುದ್ಧವಾಗಿ ಇಳಿದಿದ್ದವು.

ಇದು ಗಾಳಿಯ ಕೆಲಸ ಅಲ್ಲ. ಕೆಲಸ ಬಲ್ಲ ಒಂದು ಕೈ.

ಮುದುಕರ ಕಡೆ ನೋಡಿದೆ. ಬಲಗೈ ಅಂಗೈಗೆ ಬ್ಯಾಂಡೇಜ್ ಇತ್ತು. "ಏನಾಯ್ತು ಸರ್?" ಅಂದೆ. "ಅಡುಗೆಮನೆ, ಚಾಕು," ಅಂದರು. ನಾನು ಅದನ್ನು ಅಲ್ಲಿಗೇ ಬಿಟ್ಟೆ. ನನ್ನ ತಲೆಯಲ್ಲಿ ಬೇರೆ ಲೆಕ್ಕ ಓಡುತ್ತಿತ್ತು. ಮೂರು ತಂತಿಯನ್ನು ಹಾಗೆ ಕೂಡಿಸಬಲ್ಲವರು ನನಗೆ ಗೊತ್ತಿದ್ದಂತೆ ಇಡೀ ಅಂಗಡಿಯಲ್ಲಿ ಇಬ್ಬರು. ಒಬ್ಬ ನಾನು. ಇಬ್ಬರಲ್ಲಿ ಒಬ್ಬರು ಹೋಗಬೇಕಾದರೆ ನಾನು ಹೋದರೆ ಯಾರಿಗೆ ಲಾಭ? ಆ ಶಾಲೆಗೆ ನನಗಿಂತ ಮೊದಲು ಹೋಗುತ್ತಿದ್ದವರು ಯಾರು?

ಅಂಗಡಿ ಹಿಂದಿನ ಕೆಫೆಟೇರಿಯಾದಲ್ಲಿ ಕಾಕ ಕರಕ್ ಚಹಾ ಕುಡಿಯುತ್ತಿದ್ದರು. ಎದುರಿಗೆ ಕೂತು ಸುತ್ತಿ ಬಳಸಿ ಕೇಳಿದೆ. ಸಿಲಿಕಾನ್ ಓಯಸಿಸ್ ಕಡೆ ಈಚೆಗೆ ಹೋಗಿದ್ದಿರಾ?

"ಹೋಗಿದ್ದೆ. ನನ್ನ ಅಳಿಯನ ಮನೆ ಅಲ್ಲೇ ಅಲ್ವಾ. ಎಂತಕ್ಕೆ?"

"ಆ ರೊಮೇನಿಯಾದವರ ಮನೆಗೆ?"

ಕಾಕ ಲೋಟ ಕೆಳಗಿಟ್ಟರು. "ಇಳಿದದ್ದು ಮೂರೂ ತಂತಿಯಾ?"

"ನಿಮಗೆ ಹ್ಯಾಗೆ ಗೊತ್ತು?"

"ನಿನ್ನ ಮುಸುಡಿ ನೋಡಿದ್ರೆ ಗೊತ್ತಾಗ್ತದೆ. ಒಂದು ತಂತಿ ಆಗಿದ್ರೆ ನೀನು ಪಿನ್ ಬಗ್ಗೆ ಕೇಳ್ತಿದ್ದೆ, ನನ್ನ ಬಗ್ಗೆ ಅಲ್ಲ." ಲೋಟ ಪಕ್ಕಕ್ಕೆ ತಳ್ಳಿ, "ಅಲ್ಲ ಮಾರಾಯಾ, ನಿನ್ನನ್ನು ಓಡಿಸ್ಬೇಕು ಅಂತಿದ್ರೆ ನಾನು ಸಿಲಿಕಾನ್ ಓಯಸಿಸ್‌ವರೆಗೆ ಪೆಟ್ರೋಲ್ ಸುಟ್ಕೊಂಡು ಹೋಗ್ಬೇಕಾ? ಇಲ್ಲೇ ನಿನಗೆ ಕಲಿಸುವಾಗ ಒಂದು ತಪ್ಪು ಕಲಿಸಿದ್ರೆ ಆಗ್ತಿರ್ಲಿಲ್ವಾ?" ಅಂದರು.

ಮಾತು ಸರಿಯೇ. ಆದರೂ, ಕಲಿಸಿದ್ದರಲ್ಲಿ ಏನಾದರೂ ತಪ್ಪು ಇದೆಯೋ ಎಂದು ಮನಸ್ಸು ಒಂದು ಸುತ್ತು ಹುಡುಕಿ ಬಂತು. ಅಂಥ ಮನಸ್ಸು ನನ್ನದು.

"ಯಲ್ಲಾ, ಏಳು," ಅಂದರು ಕಾಕ. "ಬಿ.ಎಸ್ಸಿ. ಅಲ್ವಾ ನೀನು? ಬಾಯಿಮಾತು ಬಿಡು. ಪರೀಕ್ಷೆ ಮಾಡು."

ಅವತ್ತು ಸಂಜೆ ಹೆಂಡತಿಯನ್ನು ಕೇಳಿದೆ, "ನಿನ್ನ ನೇಲ್ ಪಾಲಿಶ್ ಎಲ್ಲಿದೆ?"

"ಅಯ್ಯೋ, ನಿಮಗ್ಯಾಕ್ರೀ?"

"ಪಿಯಾನೋಗೆ."

"ನನಗೊಂದು ದಿನ ಹಚ್ಕೊಡ್ಲಿಲ್ಲ, ಪಿಯಾನೋಗೆ ಅಲಂಕಾರ! ಕೆಂಪು ತಗೋಬೇಡಿ, ಮದುವೆಗೆ ಅಂತ ಇಟ್ಟಿದ್ದೀನಿ. ಆ ಕಂದು ಬಣ್ಣದ್ದು ಒಯ್ರಿ. ಒಣಗೋಕೆ ಬಿಡಬೇಕು, ತಕ್ಷಣ ಮುಟ್ಟಬಾರದು."

ಮಾರನೇ ದಿನ ಶ್ರುತಿ ಸರಿಮಾಡಿದ ಮೇಲೆ, ಮೂರು ಪಿನ್ನುಗಳಿಂದ ಪಕ್ಕದ ಕಬ್ಬಿಣದ ಚೌಕಟ್ಟಿಗೆ ಕೂದಲೆಳೆಯಷ್ಟು ಸಣ್ಣ ಗೆರೆ ಎಳೆದೆ. ಪಿನ್ ಯಾರಾದರೂ ತಿರುಗಿಸಿದರೆ ಗೆರೆ ತುಂಡಾಗಬೇಕು. ಮುದುಕರು ಕುರ್ಚಿಯಿಂದ ಕತ್ತು ಉದ್ದ ಮಾಡಿ ನೋಡಿದರು. ಅದೇ ವಾರ, ತಂತಿಗಳ ನಡುವೆ ಸಿಕ್ಕಿಸುವ ಒಂದು ರಬ್ಬರ್ ಬೆಣೆ ಮರೆತು ಬಿಟ್ಟುಹೋಗಿದ್ದೆ ಎಂದು ಸುಳ್ಳು ಹೇಳಿ ಮತ್ತೆ ಹೋದೆ. ಮೇಲಿನ ಮುಚ್ಚಳ ಎತ್ತಿದೆ. ಮೂರು ಗೆರೆಯೂ ತುಂಡಾಗಿದ್ದವು. ಕಾಕ ಅಳಿಯನ ಮನೆಗೂ ಹೋಗಿರಲಿಲ್ಲ, ಆ ವಾರವಿಡೀ ಅವರು ನನ್ನ ಎದುರೇ ಅಂಗಡಿಯಲ್ಲಿ ಇದ್ದರು. ಹಾಗಾದರೆ ಉಳಿದವರು ಒಬ್ಬರೇ.

ಮೊಬೈಲ್ ತೆಗೆದು ಪಿನ್ನುಗಳ ಫೋಟೋ ತೆಗೆದೆ. ಮ್ಯಾನೇಜರಿಗೆ ತೋರಿಸಲು ಬೇಕಲ್ಲ.

"ಅದು ಯಾರಿಗೆ?" ಹಿಂದಿನಿಂದ ದನಿ ಬಂತು. ಅಷ್ಟು ದೊಡ್ಡ ದನಿ ಆ ಮುದುಕರಲ್ಲಿ ಇದೆಯೆಂದು ನನಗೆ ಗೊತ್ತಿರಲಿಲ್ಲ. "ಫೋಟೋ ಯಾರಿಗೆ?"

"ಶ್ರುತಿ ಇಳಿಸುವುದು ಯಾರು ಸರ್?" ಅಂದೆ ನಾನೂ ಅಷ್ಟೇ ಜೋರಾಗಿ. "ನನ್ನ ಕೆಲಸ ಹೋಗುತ್ತದೆ. ಎದುರಿಗೆ ಕೂತು ನೋಡುತ್ತೀರಿ, ಹಿಂದಿನಿಂದ ಶಾಲೆಗೆ ದೂರು ಹೇಳುತ್ತೀರಿ."

"ನಾನು ದೂರು ಹೇಳುವವನಲ್ಲ!" ಅಂದರು. ನನ್ನ ಫೋನಿಗೆ ಕೈ ಚಾಚಿದರು. ಬ್ಯಾಂಡೇಜ್ ಬಿಚ್ಚಿದ್ದರು, ಅಂಗೈಯಲ್ಲಿ ಚಾಕುವಿನ ಗಾಯ ಇರಲಿಲ್ಲ. ಹೆಬ್ಬೆರಳ ಬುಡದಲ್ಲಿ ಗುಳ್ಳೆ ಒಡೆದು ಒಣಗಿದ ಗುರುತು. ಲಿವರ್ ಹಿಡಿದು ಬಗ್ಗದ ಪಿನ್ ತಿರುಗಿಸಿದವರ ಕೈಗೆ ಅಲ್ಲೇ ಗುಳ್ಳೆ ಏಳುವುದು. ಕಲಿಯುವ ದಿನಗಳಲ್ಲಿ ನನಗೂ ಎದ್ದಿತ್ತು. ನಾನು ಹಾಕಿದ ದಪ್ಪ ಪಿನ್ನುಗಳು ಆ ವಯಸ್ಸಾದ ಕೈಯನ್ನು ಸುಲಿದಿದ್ದವು.

ನಾನು ಫೋಟೋವನ್ನು ಅವರ ಕಣ್ಣೆದುರೇ ಅಳಿಸಿದೆ. ಅಳಿಸಿದೆನೋ ಇಲ್ಲವೋ ಎಂದು ಅವರು ಫೋನ್ ತೆಗೆದುಕೊಂಡು ನೋಡಿದರು. ಆಮೇಲೆ ಕುರ್ಚಿಯಲ್ಲಿ ಕೂತರು. ಅವತ್ತು ಅವರು ಹೇಳಿದ್ದನ್ನು ನನಗೆ ತಿಳಿದಷ್ಟು ಬರೆಯುತ್ತೇನೆ.

ಅವರು ಹುಟ್ಟಿದ್ದು ಬೆಟ್ಟಗಳ ನಡುವಿನ ಒಂದು ಹಳ್ಳಿ. ಅಪ್ಪ ರೈಲ್ವೆಯಲ್ಲಿ ಹಳಿ ಕಾಯುವವರು. ಮನೆಯಲ್ಲಿ ಓದಿದವರಲ್ಲಿ ಇವರೇ ಮೊದಲಿಗ. ಇದನ್ನು ಕೇಳಿ ನಾನು ಸ್ವಲ್ಪ ನೆಟ್ಟಗೆ ಕೂತೆ. ರಾಜಧಾನಿಗೆ ಹೋಗಿ ಸಂಗೀತ ಕಲಿತರು. ಸರ್ಕಾರ ಕೇಳಿದ್ದನ್ನು ಬರೆದುಕೊಟ್ಟು ಸಂಬಳ ತೆಗೆದುಕೊಂಡರು. ಮನೆಯಲ್ಲಿ ಬೇರೆಯದನ್ನು ಬರೆಯುತ್ತಿದ್ದರು. ಅವರ ಊರಿನ ಕಡೆ ಸತ್ತವರ ಎದುರು ಹೆಂಗಸರು ಹಾಡಿಕೊಂಡು ಅಳುತ್ತಾರಂತೆ, ಮಠಗಳಲ್ಲಿ ಗಂಟೆಗೆ ಬದಲು ಮರದ ಹಲಗೆ ಬಡಿದು ಪ್ರಾರ್ಥನೆಗೆ ಕರೆಯುತ್ತಾರಂತೆ. ಆ ಅಳು, ಆ ಹಲಗೆ, ಎರಡನ್ನೂ ಪಿಯಾನೋಗೆ ತಂದು ಒಂದು ದೊಡ್ಡ ಕೃತಿ ಬರೆಯುತ್ತಿದ್ದರು. ಆಗಿನ ಆಳ್ವಿಕೆಗೆ ದೇವರ ವಾಸನೆ ಆಗದು. ಹಾಗಾಗಿ ಯಾರಿಗೂ ತೋರಿಸಿರಲಿಲ್ಲ.

"ನಮ್ಮ ಮನೆಗೆ ಒಬ್ಬ ಟ್ಯೂನರ್ ಬರುತ್ತಿದ್ದ. ಒಳ್ಳೆಯ ಮನುಷ್ಯ. ತನ್ನ ತೋಟದ ಪ್ಲಮ್ ಹಣ್ಣು ತರುತ್ತಿದ್ದ. ಪಿಯಾನೋ ಮೇಲೆ ಏನಿದೆ, ಎಷ್ಟು ಪುಟ ಆಯಿತು, ಎಲ್ಲ ನೋಡುತ್ತಿದ್ದ. ನಾನು ಅಡುಗೆಮನೆಯಲ್ಲಿ ಅವನಿಗೆ ಕಾಫಿ ಮಾಡುತ್ತಿದ್ದೆ."

ಒಂದು ದಿನ ಗುಪ್ತ ಪೊಲೀಸರಿಂದ ಕರೆ ಬಂತು. ಸತ್ತವರ ಅಳುವಿನಲ್ಲಿ ಅಷ್ಟು ಆಸಕ್ತಿ ಯಾಕೆ ಎಂದು ಮೇಜಿನ ಆಚೆ ಕೂತವನು ಕೇಳಿದನಂತೆ. ಮುಂದೆ ವರ್ಷಾನುಗಟ್ಟಲೆ ಇವರ ಹೆಸರಿನ ಸಂಗೀತ ಎಲ್ಲೂ ನುಡಿಯಲಿಲ್ಲ. ಹೇಳಿದ್ದು ಟ್ಯೂನರ್ ಎಂದು ಗೊತ್ತಾದದ್ದು ಬಹಳ ಕಾಲದ ಮೇಲೆ. ಬ್ರೆಡ್ಡಿಗಾಗಿ ನಿಂತ ಸಾಲಿನಲ್ಲಿ ಆ ಟ್ಯೂನರನ ಹೆಂಡತಿಯೇ ಇವರ ಹೆಂಡತಿಗೆ ಹೇಳಿ ಅತ್ತಳಂತೆ.

ಕರೆ ಬಂದ ದಿನದಿಂದ ಯಾರ ಮೇಲೂ ನಂಬಿಕೆ ಇಲ್ಲದೆ, ಯಾವ ಟ್ಯೂನರನನ್ನೂ ಒಳಗೆ ಬಿಡದೆ, ಒಂದು ಲಿವರ್ ಸಂಪಾದಿಸಿ ತಾವೇ ಶ್ರುತಿ ಮಾಡಿಕೊಂಡರು. ಆ ಲಿವರ್ ಅವರ ಜತೆ ಇಲ್ಲಿಗೂ ಬಂದಿತ್ತು. ಅಲ್ಲಿನ ಪಿಯಾನೋದಲ್ಲಿ ಇದೇ ಕರಿಮನೆಯ ತಂತಿಗಳು ತುಕ್ಕು ಹಿಡಿದಿದ್ದವು. ಏರಿಸಿದರೆ ತುಂಡಾಗುತ್ತವೆ, ತುಂಡಾದರೆ ಬೇರೆ ತಂತಿ ಸಿಗುವ ಕಾಲ ಅಲ್ಲ. ಹಾಗಾಗಿ ಮೂರನ್ನೂ ಒಂದೇ ಸಮ ಇಳಿಸಿ ಇಟ್ಟುಕೊಂಡರು. ಆ ಕೃತಿಯನ್ನು ಬರೆದು ಮುಗಿಸಿದ್ದು ಆ ಇಳಿದ ಸ್ವರದೊಂದಿಗೆ. ಅಳು ಬರುವ ಕಡೆಯೆಲ್ಲ ಕೈ ಅಲ್ಲಿಗೇ ಹೋಗುತ್ತಿತ್ತು.

"ನೀವು ಸರಿಮಾಡಿ ಹೋಗುತ್ತೀರಿ. ನಾನು ನುಡಿಸುತ್ತೇನೆ. ಬೇರೆ ಯಾರೋ ಬರೆದದ್ದರ ಹಾಗೆ ಕೇಳುತ್ತದೆ. ಈಗ ನನಗೆ ಮರೆವು ಬೇರೆ, ಮಿಸ್ಟರ್ ಟ್ಯೂನರ್. ಅದು ಇಳಿದಿದ್ದರೆ ಮುಂದಿನದು ನೆನಪಾಗುತ್ತದೆ."

"ಮೊದಲೇ ನನಗೆ ಹೇಳಬಹುದಿತ್ತಲ್ಲ ಸರ್."

"ನೀವು ಚೀಟಿ ಬರೆಯುತ್ತೀರಿ," ಅಂದರು. "ಶಾಲೆ ಪಿಯಾನೋ ತೆಗೆದುಕೊಂಡು ಹೋಗುತ್ತದೆ."

ನನಗೆ ಪೂರ್ತಿ ನಂಬಿಕೆ ಬಂತು ಅಂತ ಹೇಳಿದರೆ ಸುಳ್ಳಾದೀತು. ಕಥೆ ಚೆನ್ನಾಗಿತ್ತು, ಅದೇ ನನಗೆ ಅನುಮಾನ. ಆದರೆ ಅಂಗೈಯ ಗುಳ್ಳೆ ಕಥೆಯಲ್ಲ.

ಅಷ್ಟರಲ್ಲೇ ಮುಖ್ಯವಾದದ್ದು ಹೊರಬಿತ್ತು. ಆ ಕೃತಿಯನ್ನು ಅಬುಧಾಬಿಯ ಒಂದು ಸಭಾಂಗಣದಲ್ಲಿ ಅವರ ಹಳೆಯ ಶಿಷ್ಯೆಯೊಬ್ಬಳು ನುಡಿಸುವುದಿತ್ತು. ನಡೆಸುವುದು ಅದೇ ಶಾಲೆ. ಜನರ ಎದುರು ಆ ಕೃತಿ ಮೊದಲ ಸಲ ನುಡಿಯುವುದು ಅಂದು. ಪಿಯಾನೋ ನಮ್ಮ ಅಂಗಡಿಯದು, ಶ್ರುತಿ ನನ್ನದು. ಮುದುಕರು ನನ್ನ ತೋಳು ಹಿಡಿದುಕೊಂಡರು. "ಯಾರಿಗೂ ಹೇಳಬೇಡಿ. ಆ ಒಂದು ಮನೆ. ಸುಮ್ಮನೆ ಇಳಿಸಿಬಿಡಿ."

ಇಳಿಸಿದರೆ ಶಾಲೆಯವರ ಎದುರು, ತುಂಬಿದ ಸಭೆಯಲ್ಲಿ, ಮೂರನೇ ದೂರನ್ನು ನಾನೇ ಕೈಯಾರೆ ಮಾಡಿಕೊಟ್ಟ ಹಾಗೆ. ಇಳಿಸದಿದ್ದರೆ, ಇಷ್ಟು ವರ್ಷ ಮುಚ್ಚಿಟ್ಟದ್ದು ಮೊದಲ ಸಲ ಹೊರಗೆ ಬರುವಾಗ ಅವರಿಗೇ ಗುರುತು ಸಿಗದ ಹಾಗೆ ಬರುತ್ತದೆ.

ಅಬುಧಾಬಿಗೆ ಹೋಗುವ ದಾರಿಯಲ್ಲಿ, ವ್ಯಾನಿನಲ್ಲಿ ಕಾಕನಿಗೆ ಎಲ್ಲ ಹೇಳಿದೆ. ದೊಡ್ಡ ಕಾರ್ಯಕ್ರಮಗಳಿಗೆ ನಾವಿಬ್ಬರೂ ಹೋಗುತ್ತೇವೆ. ಕಾಕ ದಾರಿಯುದ್ದಕ್ಕೂ ಕಿಟಕಿ ಕಡೆ ನೋಡುತ್ತಿದ್ದರು.

"ಹಾಗಾದ್ರೆ ನಾನಲ್ಲ ಅಂತ ಆಯ್ತು," ಅಂದರು ಕೊನೆಗೆ.

"ಕ್ಷಮಿಸಿ ಕಾಕ."

"ಕ್ಷಮೆ ಎಲ್ಲ ಬೇಡ. ಬಿರಿಯಾನಿ ಕೊಡಿಸು." ಸ್ವಲ್ಪ ದೂರ ಹೋದ ಮೇಲೆ, "ಇಳಿಸ್ಲಿಕ್ಕೆ ನನ್ನದೇನೂ ತಕರಾರಿಲ್ಲ. ಕದ್ದು ಇಳಿಸ್ಬೇಡ. ಕದ್ದು ಮಾಡಿದ್ರೆ ಅದು ನಿನ್ನ ತಪ್ಪು ಆಗ್ತದೆ. ಹೇಳಿ ಮಾಡಿದ್ರೆ ಅವರ ಸಂಗೀತ ಆಗ್ತದೆ. ಹೇಳ್ಬೇಕಾದ್ದು ನೀನಲ್ಲ, ಅವರು," ಅಂದರು.

ಬೆಳಿಗ್ಗೆ ಪಿಯಾನೋ ಪೂರ್ತಿ ಸರಿಯಾಗಿ ಶ್ರುತಿ ಮಾಡಿದೆ, ಆ ಕರಿಮನೆಯನ್ನೂ ಸೇರಿಸಿ. ಮುದುಕರು ಮಗಳ ಜತೆ ಬಂದಾಗ ಪಕ್ಕಕ್ಕೆ ಕರೆದು ಹೇಳಿದೆ, "ನಾನು ಇಳಿಸುತ್ತೇನೆ ಸರ್. ಆದರೆ ನೀವು ಶಾಲೆಯವರಿಗೂ ನುಡಿಸುವವಳಿಗೂ ಬಾಯಿಬಿಟ್ಟು ಹೇಳಬೇಕು. ಎಲ್ಲರ ಎದುರೇ ಇಳಿಸುತ್ತೇನೆ."

ಅವರ ಮುಖ ಕಲ್ಲಿನ ಹಾಗಾಯಿತು. "ನಿಮ್ಮನ್ನು ನಂಬಿದ್ದು ತಪ್ಪಾಯಿತು," ಅಂದರು. ಹೋಗಿ ಕೊನೆಯ ಸಾಲಿನಲ್ಲಿ, ಬಾಗಿಲ ಪಕ್ಕ ಕೂತುಬಿಟ್ಟರು.

ಸಂಜೆ ಕಾರ್ಯಕ್ರಮ ಶುರುವಾಯಿತು. ಮೊದಲ ಭಾಗದಲ್ಲಿ ಮಕ್ಕಳು ಒಬ್ಬೊಬ್ಬರಾಗಿ ನುಡಿಸಿದರು. ಅವರ ಕೃತಿ ಇದ್ದದ್ದು ವಿರಾಮದ ಮೇಲೆ, ಕೊನೆಗೆ. ವಿರಾಮದಲ್ಲಿ ನಾನು ವಾಡಿಕೆಯಂತೆ ಲಿವರ್ ಹಿಡಿದು ವೇದಿಕೆಗೆ ಹೋದೆ. ಜನ ಅರ್ಧ ಎದ್ದಿದ್ದರು, ಅರ್ಧ ಕೂತಿದ್ದರು. ಶಾಲೆಯ ಮುಖ್ಯಸ್ಥೆ ಅಲ್ಲೇ ನಿಂತಿದ್ದರು, ನನ್ನ ಕೆಲಸ ನೋಡಲೆಂದೇ ನಿಂತ ಹಾಗಿತ್ತು. ಮೇಲಿನ ಒಂದೆರಡು ಮನೆಗಳನ್ನು ಮುಟ್ಟಿ ಸರಿಮಾಡಿದೆ. ಇನ್ನು ವೇದಿಕೆ ಇಳಿಯಬೇಕು ಅನ್ನುವಾಗ ಹಿಂದಿನಿಂದ ಹೆಜ್ಜೆ ಕೇಳಿಸಿತು. ಮುದುಕರು ಕೊನೆಯ ಸಾಲಿನಿಂದ, ನಡುವಿನ ದಾರಿಯಲ್ಲಿ, ಜನರ ನಡುವೆ ನಡೆದು ಬರುತ್ತಿದ್ದರು.

ಮೆಟ್ಟಿಲು ಹತ್ತಿ ಬಂದು ಪಿಯಾನೋ ಪಕ್ಕ ನಿಂತರು. ಮೊದಲು ಹಿಂದೆ ತಿರುಗಿ ಯಾರು ಯಾರು ಇದ್ದಾರೆ ಎಂದು ನೋಡಿದರು. ಆಮೇಲೆ ಮುಖ್ಯಸ್ಥೆಗೆ, ಶಿಷ್ಯೆಗೆ, ಮುಂದಿನ ಸಾಲಿನವರಿಗೆಲ್ಲ ಕೇಳುವ ಹಾಗೆ ಹೇಳಿದರು, "ಈ ಸ್ವರ ನನಗೆ ಇಳಿದಿರಬೇಕು. ನಾನು ಹಾಗೆ ಬರೆದಿದ್ದೇನೆ. ಮನೆಯ ಪಿಯಾನೋದಲ್ಲೂ ಇಳಿಸಿದ್ದು ನಾನೇ."

ಮುಖ್ಯಸ್ಥೆ ನನ್ನ ಕಡೆ ನೋಡಿದರು. ನಾನು ಪಿಯಾನೋ ಕಡೆ ನೋಡಿದೆ. ಶಿಷ್ಯೆ ಮೊದಲು ನಕ್ಕಳು, ಆಮೇಲೆ ಅವರ ಮುಖ ನೋಡಿ ನಗು ನಿಲ್ಲಿಸಿದಳು.

ಇಳಿಸಿದೆ. ಒಂದು ತಂತಿ ಸಾಕು ಅನ್ನುವಷ್ಟು ಇಳಿದಾಗ ಅವರು ಕೈ ಎತ್ತಿದರು. ಉಳಿದೆರಡನ್ನು ಅದಕ್ಕೆ ಕೂಡಿಸಿದೆ. ಚಳಿ ನಿಂತಿತು. ಜೇಬಿನಿಂದ ಚೀಟಿ ತೆಗೆದು 'ಸಂಯೋಜಕರು ಹೇಳಿದಂತೆ ಒಂದು ಸ್ವರ ಇಳಿಸಲಾಗಿದೆ' ಎಂದು ಇಂಗ್ಲಿಷಿನಲ್ಲಿ ಬರೆದು ಅವರ ಕೈಗೆ ಕೊಟ್ಟೆ. ಈ ಸಲವೂ ಬೆಳಕಿಗೆ ಹಿಡಿದು ಹಿಂದೆ ಮುಂದೆ ನೋಡಿದರು. ಮಗಳನ್ನು ಕರೆಯಲಿಲ್ಲ. ತಾವೇ ಸಹಿ ಹಾಕಿದರು.

ಆ ಸಂಗೀತದ ಬಗ್ಗೆ ಬರೆಯುವಷ್ಟು ನನಗೆ ಗೊತ್ತಿಲ್ಲ. ಆರಂಭದಲ್ಲಿ ಒಂದೇ ಸ್ವರ, ಮರ ಬಡಿದ ಹಾಗೆ, ಒಣಗಿ ಬರುತ್ತಿತ್ತು. ಆಮೇಲೆ ಆ ಕರಿಮನೆ ಬಂತು. ನನ್ನ ಪಕ್ಕ ಕೂತಿದ್ದ ಹೆಂಗಸು ಗಂಡನ ಕಿವಿಯಲ್ಲಿ, "ಪಿಯಾನೋ ಸರಿ ಇಲ್ಲ ಅನ್ನಿಸುತ್ತೆ," ಅಂದಳು. ಎದ್ದು ನಿಂತು, ಅದು ಸರಿಯಾಗಿಯೇ ಇದೆ ತಾಯಿ ಅನ್ನೋಣ ಅನ್ನಿಸಿತು. ಕಾಕ ನನ್ನ ತೊಡೆ ಮೇಲೆ ಕೈಯಿಟ್ಟು ಒತ್ತಿ ಕೂರಿಸಿದರು. ಸ್ವರ ಮತ್ತೆ ಮತ್ತೆ ಬಂತು. ನಮ್ಮಪ್ಪ ಹಬ್ಬಕ್ಕೆ ಹೊರಟರೆ ತಮಟೆಯನ್ನು ಹುಲ್ಲು ಬೆಂಕಿಗೆ ಹಿಡಿದು ಚರ್ಮ ಟಂಕಾರ ಹೊಡೆಯುವವರೆಗೆ ಕಾಯಿಸುತ್ತಿದ್ದರು. ಸಾವಿಗೆ ಹೊರಟರೆ ಅಷ್ಟು ಕಾಯಿಸುತ್ತಿರಲಿಲ್ಲ, ದನಿ ಇಳಿದೇ ಇರುತ್ತಿತ್ತು. ಯಾಕೆ ಎಂದು ನಾನು ಯಾವತ್ತೂ ಕೇಳಿರಲಿಲ್ಲ. ಬೆಂಕಿ ಹೊತ್ತಿಸಲು ಸೋಮಾರಿತನ ಎಂದುಕೊಂಡಿದ್ದೆ.

ಕೊನೆಗೆ ಜನ ಚಪ್ಪಾಳೆ ತಟ್ಟಿದರು. ಬಹಳ ಜೋರಾಗಿ ಏನಲ್ಲ. ಮುದುಕರು ಎದ್ದು ನಿಂತು, ಚಪ್ಪಾಳೆ ಯಾವ ಕಡೆಯಿಂದ ಬರುತ್ತಿದೆ ಎಂದು ನೋಡುತ್ತಿದ್ದರು.

ಶಾಲೆಯಿಂದ ಮೂರನೇ ದೂರು ಬರಲಿಲ್ಲ. ಮಕ್ಕಳ ಪಾಠಕ್ಕೆ ಮೇಷ್ಟ್ರ ಮನೆಗೆ ಇನ್ನೊಂದು ಪಿಯಾನೋ ಕೊಡುವುದು, ಹಳೆಯದು ಅವರಿಗೇ ಇರಲಿ ಎಂದು ತೀರ್ಮಾನವಾಯಿತು. ನನ್ನ ವೀಸಾ ಆಯಿತು. ಬಿರಿಯಾನಿಯೂ ಆಯಿತು. ಕಾಕ ಎರಡು ಪ್ಲೇಟ್ ತಿಂದರು.

ಆದರೆ ಅವತ್ತು ಅಬುಧಾಬಿಯ ಪಾರ್ಕಿಂಗ್‌ನಲ್ಲಿ ಅವರ ಮಗಳು ಥ್ಯಾಂಕ್ಸ್ ಹೇಳಲು ಬಂದಿದ್ದಳು. ಪ್ಲಮ್ ತರುತ್ತಿದ್ದ ಟ್ಯೂನರನ ವಿಷಯ ಎತ್ತಿದೆ. ಅವಳು ಹುಬ್ಬು ಗಂಟಿಕ್ಕಿದಳು. "ಟ್ಯೂನರ್? ನನಗೆ ಹೇಳಿದ್ದು ಬೇರೆ. ಮನೆ ಬದಲಿಸುವಾಗ ಪಿಯಾನೋ ಮೆಟ್ಟಿಲ ಮೇಲೆ ಬಿತ್ತು, ಅಂದಿನಿಂದ ಆ ಸ್ವರ ಹಾಗೆ ಅಂತ." ಅವಳಿಗೆ ಅವರು ಮುಚ್ಚಿಟ್ಟರೋ, ನನಗೆ ಕಟ್ಟಿ ಹೇಳಿದರೋ, ನನಗೆ ಇವತ್ತಿಗೂ ಗೊತ್ತಿಲ್ಲ. ಕಾಕನನ್ನು ಕೇಳಿದರೆ, "ನಿನಗೆ ಎಂತ ಬೇಕು? ಸ್ವರ ಇಳಿದದ್ದು ನಿಜ ಅಲ್ವಾ? ಖಲಾಸ್," ಅನ್ನುತ್ತಾರೆ. ನನಗೆ ಹಾಗೆ ಖಲಾಸ್ ಆಗುವುದಿಲ್ಲ.

ಅದಾದ ಮೇಲೆ ಮೊದಲ ಸಲ ಅವರ ಮನೆಗೆ ಹೋದಾಗ ಎಲ್ಲ ಮನೆಗಳನ್ನೂ ಸರಿಮಾಡಿ, ಆ ಕರಿಮನೆಯನ್ನು ಇದ್ದಂತೆಯೇ ಬಿಟ್ಟೆ. ಬಿಗಿ ಪಿನ್ನುಗಳನ್ನು ಮಾತ್ರ ಅವರ ಕೈಗೆ ಬಗ್ಗುವಷ್ಟು ಸಡಿಲ ಮಾಡಿಕೊಟ್ಟೆ. ಸ್ವರ ಬರೆದ ಹಾಳೆಗಳು ಪಿಯಾನೋ ಮೇಲೆ ಹರಡಿದ್ದವು, ಟವೆಲ್ ಇರಲಿಲ್ಲ. ಮುದುಕರು ಸ್ವಲ್ಪ ಹೊತ್ತು ಎದುರಿನ ಕುರ್ಚಿಯಲ್ಲಿ ಕೂತಿದ್ದರು. ಆಮೇಲೆ ಎದ್ದು, "ಕಾಫಿ?" ಎಂದು ಕೇಳಿ, ಉತ್ತರಕ್ಕೂ ಕಾಯದೆ ಅಡುಗೆಮನೆಗೆ ಹೋದರು. ಬಾಗಿಲನ್ನೂ ಎಳೆದುಕೊಂಡರು.

ನಾನು ಒಬ್ಬನೇ ಉಳಿದೆ. ಹಾಳೆಗಳ ಕಡೆ ನೋಡಬಾರದು ಎಂದು ಗೋಡೆ ಕಡೆ ನೋಡುತ್ತಾ ನಿಂತೆ. ಆದರೂ ಒಂದು ಅನುಮಾನ ಬಂತು. ಇದೂ ಪರೀಕ್ಷೆಯೋ ಏನೋ. ಬಾಗಿಲ ಸಂದಿನಿಂದ ನನ್ನನ್ನು ನೋಡುತ್ತಾ ಇದ್ದಾರೋ ಏನೋ. ಒಳಗೆ ಲೋಟದ ಸದ್ದು, ನೀರು ಕಾಯುವ ಸದ್ದು ಕೇಳುವವರೆಗೂ ನಾನು ಅಲ್ಲಾಡಲಿಲ್ಲ.